ಮೇಲ್ಮನವಿಯಲ್ಲಿ ಇಲ್ಲದ ಸಾಲು

ನನ್ನ ಗಂಡ ಹೇಡಿ. ಇದು ಬೈಗುಳವಲ್ಲ, ನಲವತ್ತೊಂದು ವರ್ಷ ಹತ್ತಿರದಿಂದ ನೋಡಿ ಬಂದ ತೀರ್ಮಾನ. ಹರ್ನಿಯಾ ಆಪರೇಷನ್ನನ್ನು ಅವರು ಮೂರು ಸಲ ಮುಂದೂಡಿಸಿದ್ದಾರೆ. ಒಮ್ಮೆ ನೆಗಡಿ, ಒಮ್ಮೆ ಅಳಿಯ ಬರುತ್ತಾನೆಂದು, ಮೂರನೆಯ ಸಲ "ಯಾಕೋ ಮನಸ್ಸಿಲ್ಲ" ಎಂದು. ಈ ಸಲ ಸರ್ಜನ್ ಗದರಿದರು: "ಇನ್ನೂ ತಡ ಮಾಡಿದ್ರೆ ಜೀವಕ್ಕೇ ಅಪಾಯ. ನಾಳೆಯೇ ಮಾಡಬೇಕು." ಮುಂಗಡ ಕಟ್ಟಲು ಅವರನ್ನೂ ಎಳೆದುಕೊಂಡೇ ಆಸ್ಪತ್ರೆಗೆ ಹೋದೆ. (ಮನೆಯಲ್ಲಿ ಬಿಟ್ಟರೆ ತಂಗಿಯ ಊರಿಗೆ ಬಸ್ಸು ಹತ್ತುವ ಆಸಾಮಿ.)

ಕೌಂಟರಿನಾಕೆ ನನ್ನ ಕಾರ್ಡನ್ನು ಎರಡು ಸಲ ಉಜ್ಜಿ, ನನ್ನ ಫೋನಿಗೆ ಬಂದ ಬ್ಯಾಂಕಿನ ಸಂದೇಶ ಓದಿ ತಲೆಯಾಡಿಸಿದಳು.

"ತೆರಿಗೆಯವರು ನಿಮ್ಮ ಖಾತೆ ತಡೆಹಿಡಿದಿದ್ದಾರೆ, ಮೇಡಂ."

ನನ್ನ ಕಿವಿ ಗುಂಯ್ ಎಂದಿತು. ಗಂಡನ ಮುಖದಲ್ಲಿ ಮಾತ್ರ ಬೆಳದಿಂಗಳು.

"ಪಾಪ. ಹಾಗಾದ್ರೆ ಮನೆಗೆ ಹೋಗೋಣ್ವಾ?"

"ಬಾಯ್ಮುಚ್ಚಿ. ತೆರಿಗೆ ಕಚೇರಿಗೆ ನಡೀರಿ."

ಇಲಾಖೆ ಹಾಕಿದ ತೆರಿಗೆಯೇ ತಪ್ಪೆಂದು ನಾನು ಮೇಲ್ಮನವಿ ಸಲ್ಲಿಸಿಯಾಗಿತ್ತು: ನಲವತ್ತೆರಡು ಪುಟ, ಹನ್ನೊಂದು ಅಡಿಟಿಪ್ಪಣಿ. (ವಕೀಲರನ್ನು ಹಿಡಿಯಲಿಲ್ಲ. ಇತಿಹಾಸದ ಪ್ರಾಧ್ಯಾಪಕಿಗೆ ವಾಕ್ಯ ಕಟ್ಟಿಕೊಡುವವರು ಬೇಕೇ?)

"ಮೇಲ್ಮನವಿ ಇತ್ಯರ್ಥ ಆಗೋ ಮೊದಲೇ ವಸೂಲಿಯೇ?" ಎಂದು ಅಧಿಕಾರಿಯ ಮೇಜು ಕುಟ್ಟಿದೆ.

"ಅಮ್ಮಾ, ಮೇಲ್ಮನವಿ ಹಾಕಿದ ಮಾತ್ರಕ್ಕೆ ವಸೂಲಿ ನಿಲ್ಲಲ್ಲ. ಅಲ್ಲೀವರೆಗೆ ನಿಲ್ಲಿಸಿ ಅಂತ ಬೇರೆ ಕೇಳ್ಬೇಕು. ನೀವು ಕೇಳಿಲ್ಲ."

"ನಲವತ್ತೆರಡು ಪುಟದಲ್ಲಿ ಎಲ್ಲೂ ಇಲ್ವೇ?"

"ಪೂರ್ತಿ ಓದಿದೆ. ರಾಜರ ಕಾಲದ ಕಂದಾಯ ಇದೆ. ನಮ್ಮ ಬುದ್ಧಿಮಟ್ಟದ ಬಗ್ಗೆ ಐದು ಪುಟ ಇದೆ. ಆ ಒಂದು ಸಾಲಿಲ್ಲ. ಈಗ ಕಾರಣ ಹೇಳಿ ಬರೆದುಕೊಡಿ, ಸರಿ ಇದ್ರೆ ಇವತ್ತೇ ವಸೂಲಿಗೆ ತಡೆ ಕೊಟ್ಟು ಖಾತೆ ಬಿಡಿಸ್ತೀನಿ. ಇನ್ನು ಹತ್ತು ನಿಮಿಷ ಇರ್ತೀನಿ."

ಇಂಥ ಪೆಟ್ಟು ನನಗೆ ಪಿಎಚ್‌ಡಿ ಮೌಖಿಕ ಪರೀಕ್ಷೆಯಲ್ಲೂ ಬಿದ್ದಿರಲಿಲ್ಲ. ಬೆಂಚಿನ ಮೇಲೆ ಕೂತು "ದಯವಿಟ್ಟು" ಎಂದು ಬರೆದೆ. ಹೊಡೆದುಹಾಕಿದೆ. ತಪ್ಪು ಅವರದು, ಅಂಗಲಾಚುವುದು ನಾನೇ? "ಇಲಾಖೆಯ ಅಜ್ಞಾನವನ್ನು ಕ್ಷಮಿಸುತ್ತಾ" ಎಂದು ಬರೆದೆ. ಅದನ್ನೂ ಹೊಡೆದುಹಾಕಬೇಕಾಯಿತು. ಮೂರು ಹಾಳೆ, ಏಳು ನಿಮಿಷ ಹಾಳಾದವು.

"ಹೋಗ್ಲಿ ಬಿಡೇ," ಎಂದರು ಗಂಡ, "ಮುಂದಿನ ತಿಂಗಳು ನೋಡಿದ್ರಾಯ್ತು. ನನಗೇನೂ ಅವಸರ..."

ಮಾತು ಅಲ್ಲಿಗೇ ನಿಂತಿತು. ಅವರ ಕಣ್ಣು ನನ್ನ ಕೈಮೇಲಿತ್ತು. ಅದು ನಡುಗುತ್ತಿತ್ತು. (ಸಿಟ್ಟಿಗೆ.)

ಪೆನ್ನು ಕಿತ್ತುಕೊಂಡು, ಹೊಸ ಹಾಳೆ ಎಳೆದುಕೊಂಡು, ಒಂದೇ ಉಸಿರಿಗೆ ನಾಲ್ಕು ಸಾಲು ಬರೆದರು. ನಾನು ಬಗ್ಗಿ ನೋಡಿದೆ: "ನಾಳೆ ನನ್ನ ಗಂಡನ ಶಸ್ತ್ರಚಿಕಿತ್ಸೆ. ಅದನ್ನು ಇನ್ನು ಮುಂದೂಡುವ ಹಾಗಿಲ್ಲ. ದಯವಿಟ್ಟು..."

ಮುಂದಿನದನ್ನು ಅಂಗೈಯಿಂದ ಮುಚ್ಚಿಬಿಟ್ಟರು.

"ತಿದ್ದಬೇಡ. ಸಹಿ ಹಾಕು."

ಹಾಕಿದೆ.