ಜಪಾನಿನ ಪಾಚಿ, ಹಿಲ್ಲೂರ ಸೊಪ್ಪು

ಒಳ್ಳೆಯ ಉದ್ದೇಶದಿಂದ ನಾನು ಕೈಹಾಕಿದ ಯಾವ ಕೆಲಸವೂ ನಗೆಪಾಟಲಾಗದೆ ಮುಗಿದದ್ದಿಲ್ಲ. ಸ್ವಲ್ಪ ಕಿತಾಪತಿ ಬೆರೆಸಿದವು ಮಾತ್ರ ಚಂದವಾಗಿ ಸಾಗುತ್ತವೆ.

ಈ ಸಲದ ಒಳ್ಳೆಯ ಉದ್ದೇಶ ನಮ್ಮ ಅತ್ತೆ, ಹೆಂಡತಿಯ ತಾಯಿ. ಜ್ವರವೆಂದು ಅಂಕೋಲೆಯ ಕೇಣಿಯಿಂದ ಕಾರವಾರದ ನಮ್ಮ ಮನೆಗೆ ಕರೆತಂದಿದ್ದೆವು. ಜ್ವರ ಹೋಯಿತು, ಹೋಗುವಾಗ ಬಾಯಿರುಚಿಯನ್ನೂ ಕರೆದುಕೊಂಡು ಹೋಯಿತು. ಅತ್ತೆಯೆಂದರೆ ಮದುವೆ ಊಟದಲ್ಲಿ ಬಡಿಸುವವನನ್ನು ತಡೆದು ನಿಲ್ಲಿಸಿ, "ಸಾರಿಗೆ ಹುಳಿ ಜಾಸ್ತಿ ಆಯ್ತಲ್ಲೋ" ಎನ್ನುವ ಹೆಂಗಸು. ಅಂಥವರು ಈಗ ಎರಡು ತುತ್ತು ಗಂಜಿ ಉಂಡು, "ಎಲ್ಲ ಚಲೋ ಅದೆ" ಎಂದು ತಾಟು ಸರಿಸುತ್ತಿದ್ದರು. ಆ "ಚಲೋ ಅದೆ" ಕೇಳಿದಾಗಲೆಲ್ಲ ನನ್ನ ಹೆಂಡತಿ ಅಡಿಗೆಮನೆಗೆ ಹೋಗಿ ಕಣ್ಣೊರೆಸಿಕೊಳ್ಳುತ್ತಿದ್ದಳು.

ಒಂದು ದಿನ ಅವಳು ಮೊಬೈಲಿನಲ್ಲಿ ಕಂಡಳು: ಜಪಾನಿನ ಮುದುಕಿಯೊಬ್ಬಳು ಕಡಲ ಪಾಚಿಯ ಸಲಾಡ್ ತಿಂದು ಬಟ್ಟಲು ಬಳಿಯುತ್ತಿದ್ದಾಳೆ.

"ನಮ್ಮ ಆಯಿಯೂ ಕಡಲ ಬದಿಯವಳೇ ಅಲ್ವಾ?" ಎಂದಳು. ಅಲ್ಲಿಂದ ಶುರು.

ಪುಕ್ಕಟೆ ಪಾಚಿ

ಕಣ್ಣೆದುರು ಇಷ್ಟು ದೊಡ್ಡ ಸಮುದ್ರ ಬಿದ್ದಿರುವಾಗ ಅಂಗಡಿ ಯಾಕೆ ಎಂದು ನಾನು ಚೀಲ ಹಿಡಿದು ಬಂಡೆಗಳತ್ತ ಹೋದೆ. ಬಲೆ ಕೊಡವುತ್ತಿದ್ದ ಒಬ್ಬರು ನನ್ನನ್ನೇ ನೋಡುತ್ತಿದ್ದರು. ನಮ್ಮ ಕಡೆ ಪಾಚಿ ಒಯ್ಯುವವರು ಒಯ್ಯುವುದು ತೆಂಗಿನ ಗೊಬ್ಬರಕ್ಕೆ.

"ಎಷ್ಟು ಮರ ಅದೆ ಭಾವಾ?"

"ಮರಕ್ಕಲ್ಲ ಮಾರಾಯ್ರೇ, ಅತ್ತೆಗೆ."

ಅವರು ಬಲೆ ಕೆಳಗಿಟ್ಟು ನನ್ನ ಚೀಲದೊಳಗೆ ಇಣುಕಿದರು. "ಹಾಕಿ. ಆದ್ರೆ ಬುಡದಿಂದ ಸ್ವಲ್ಪ ದೂರ ಹಾಕಿ."

ಉಬ್ಬಿದ್ದು

ಬಂಡೆಯ ಪಾಚಿಯನ್ನು ಹೆಂಡತಿ ಹೊಸಿಲು ದಾಟಿಸಲಿಲ್ಲ. ತಿನ್ನುವ ಪಾಚಿಯದೇ ಪೊಟ್ಟಣ ತರಿಸಿದೆವು. ಒಳಗೆ ಚಹಾಪುಡಿಯಂಥ ಕರಿ ಚೂರು, ಒಂದು ಮುಷ್ಟಿ.

"ಇದು ಯಾರ ಹಲ್ಲಿಗೆ ಸಾಲ್ತದೆ?" ಎಂದವಳೇ ಅವಲಕ್ಕಿ ತೋಯಿಸುವ ಅಂದಾಜಿನಲ್ಲಿ ಇಡೀ ಪೊಟ್ಟಣವನ್ನು ನೀರಿಗೆ ಸುರಿದು ಸ್ನಾನಕ್ಕೆ ಹೋದಳು. ಬಂದು ನೋಡಿದರೆ ಬೋಗುಣಿಯೇ ಇಲ್ಲ. ಹಸಿರು ಗುಡ್ಡೆಯ ಕೆಳಗೆಲ್ಲೋ ಇತ್ತು. ಪಾತೇಲಿಗೆ ತುಂಬಿದೆವು, ಉಳಿದದ್ದನ್ನು ಬಕೆಟ್ಟಿಗೆ. ಎರಡು ಬಕೆಟ್ಟು ಎಂದು ನಾನು ಎಲ್ಲರಿಗೂ ಹೇಳುತ್ತೇನೆ. ಅರ್ಧವೇ ಎಂದು ಹೆಂಡತಿ ಹೇಳುತ್ತಾಳೆ. ಅವಳು ನೋಡಿದ್ದು ಬೆಳಿಗ್ಗೆ; ನನ್ನ ಬಾಯಲ್ಲಿ ಅದು ಇನ್ನೂ ಉಬ್ಬುತ್ತಿದೆ.

ನೂರು ವರ್ಷ

ಸಲಾಡನ್ನು ಮೊಬೈಲು ಹೇಳಿದಂತೆಯೇ ಮಾಡಿದೆವು. ಎಳ್ಳೆಣ್ಣೆ, ವಿನೆಗರ್, ಸೋಯಾ ಸಾಸ್, ಚಿಟಿಕೆ ಸಕ್ಕರೆ, ಮೇಲೆ ಹುರಿದ ಎಳ್ಳು. ಅತ್ತೆ ಒಂದೆಳೆ ಬಾಯಿಗಿಟ್ಟರು.

"ಚಲೋ ಅದೆ."

ಹೆಂಡತಿ ಅಡಿಗೆಮನೆಯತ್ತ ತಿರುಗಿದಳು. ನಾನು ಬಿಡಲಿಲ್ಲ. "ಅತ್ತೇ, ಇದನ್ನು ತಿಂದು ಜಪಾನಿನವರು ನೂರು ವರ್ಷ ಬದುಕ್ತಾರಂತೆ."

"ನೂರು ವರ್ಷವೂ ಇದನ್ನೇ ತಿನ್ಬೇಕಾ?" ಅತ್ತೆ ತಾಟು ಸರಿಸಿದರು. "ಪಾಪ."

ಸೋಮವಾರ

ಉಳಿದ ಪಾಚಿಯನ್ನು ಏನು ಮಾಡುವುದು? ಪಕ್ಕದ ಮನೆಯಲ್ಲಿ ನಿವೃತ್ತ ಅಕ್ಕೋರು ಇದ್ದಾರೆ. ಊರಿನ ಅರ್ಧ ಮಕ್ಕಳಿಗೆ ಅ ಆ ಇ ಈ ತಿದ್ದಿಸಿದವರು. ಒಂದು ಬೋಗುಣಿ ತುಂಬಿ ಬೇಲಿಯ ಮೇಲಿಂದ ಕೊಟ್ಟೆ. ಪಾಚಿ ಎಂದರೆ ತೆಗೆದುಕೊಳ್ಳುತ್ತಾರೆಯೇ? "ಹಿಲ್ಲೂರ ಕಾಡಿನ ಸೊಪ್ಪು ಅಕ್ಕೋರೇ. ನೀರ ಬದಿಗೇ ಬೆಳೀತದೆ," ಎಂದೆ. ಎರಡನೆಯ ಮಾತಂತೂ ಸತ್ಯ.

ನಮ್ಮಲ್ಲಿ ಯಾರೂ ಬಂದ ಬೋಗುಣಿಯನ್ನು ಖಾಲಿ ಹಿಂತಿರುಗಿಸುವುದಿಲ್ಲ. ಮರುದಿನ ಮಧ್ಯಾಹ್ನ ಅಕ್ಕೋರು ತಾವೇ ಬಂದು ಅತ್ತೆಯ ಮುಂದೆ ಇಟ್ಟರು. "ಹಿಲ್ಲೂರ ಸೊಪ್ಪಿನ ಪಲ್ಯ ಅಮ್ಮಾ, ರುಚಿ ನೋಡಿ." ಕಾಯಿತುರಿ, ಒಣಮೆಣಸಿನ ಒಗ್ಗರಣೆ, ಹುಳಿಗೆ ಮುರುಗಲು. ನಮ್ಮ ಪಾಚಿಯೇ ಸೀರೆ ಬದಲಿಸಿ ತವರಿಗೆ ಬಂದಿತ್ತು.

ಅಂದು ಸೋಮವಾರ. ಶಿವನ ವಾರವೆಂದು ಸೋಮವಾರ ಅತ್ತೆ ಮೀನಿರಲಿ, ಕಡಲಿನದೇನನ್ನೂ ಮುಟ್ಟುವವರಲ್ಲ. ಹೆಂಡತಿ ನನ್ನನ್ನು ತಿವಿದಳು: "ಹೇಳಿಬಿಡಿ." ನಾನು ಬಾಯಿ ತೆರೆಯುವಷ್ಟರಲ್ಲಿ ಅತ್ತೆ ಒಂದು ತುತ್ತು ಬಾಯಿಗಿಟ್ಟಾಗಿತ್ತು. ಅಗಿಯುವುದನ್ನು ನಿಲ್ಲಿಸಿದರು. ಕಿಟಕಿಯಾಚೆ ನೋಡಿದರು. ಮತ್ತೊಂದು ತುತ್ತು. ಮತ್ತೂ ಒಂದು.

"ಉಪ್ಪು ಕಮ್ಮಿ," ಎಂದರು.

ಹೆಂಡತಿ ನನ್ನ ತೋಳು ಹಿಡಿದುಕೊಂಡಳು.

"ಕಾಯಿ ಬಲಿತದ್ದು. ಒಗ್ಗರಣೆ ಸೀದಿದೆ. ಅಕ್ಕೋರೇ, ಶಾಲೆಯಲ್ಲಿ ಮಕ್ಕಳಿಗೆ ಏನು ಕಲಿಸಿದ್ರಿ ನೀವು? ಏ, ಅನ್ನ ಹಾಕೇ."

ಹೆಂಡತಿ ಅಳುತ್ತ ನಗುತ್ತ ಅನ್ನ ಬಡಿಸಿದಳು. ಬೈಸಿಕೊಂಡ ಅಕ್ಕೋರ ಮುಖದಲ್ಲೂ ಬಹುಮಾನ ಬಂದ ಕಳೆ.

ಬೋಗುಣಿ ಬಳಿದಾದ ಮೇಲೆ ಅತ್ತೆ ನನ್ನತ್ತ ತಿರುಗಿದರು. "ಅಳಿಯರೇ, ಕೇಣಿಯಲ್ಲಿ ಹುಟ್ಟಿದವಳು ನಾನು. ಕಡಲಿಂದು ಅಂತ ಮೊದಲ ತುತ್ತಿಗೇ ಗೊತ್ತಾಯ್ತು."

"ಅಯ್ಯೋ! ಮತ್ತೆ ಸೋಮವಾರ?"

"ಪಾಪ ಸುಳ್ಳು ಹೇಳಿದವರಿಗೆ," ಎಂದು ಅತ್ತೆ ಕೈ ತೊಳೆಯಲು ಎದ್ದರು. "ನಾನು ತಿಂದದ್ದು ಹಿಲ್ಲೂರ ಸೊಪ್ಪು. ಬರೋ ಸೋಮವಾರನೂ ಸೊಪ್ಪು ಅಂತಲೇ ಹೇಳಿ."