ಪಂಪಿನ ಕೊಳವೆಯಲ್ಲಿ ತೊಟ್ಟಿಲು ಕಟ್ಟಿದ ಜೇನವ್ವನಿಗೆ

ಅಂತೂರ ಬೆಂತೂರಿನ ನಮ್ಮ ಪಡಸಾಲೆಯಲ್ಲಿ, ತಮಗೆ ಚೆನ್ನಾಗಿ ಪರಿಚಯವಿರುವ ಗೂಟದ ಕೆಳಗೆ ಕುಳಿತು ಹಾಜಿರಾಬಿ ಮಾಡುವ ಸಲಾಮು ಮತ್ತು ನಮಸ್ಕಾರಗಳು.

ಮಾನ್ಯ ಜೇನವ್ವನವರೇ,

ಹೆಜ್ಜೇನಿನವರಂತೆ ತಮಗೆ ರಾಣಿಯಿಲ್ಲ, ದಂಡಿಲ್ಲ, ತುಪ್ಪದ ಕೊಡವಿಲ್ಲ. ಒಬ್ಬರೇ ಮಣ್ಣು ಹೊತ್ತು, ಒಬ್ಬರೇ ಗೋಡೆ ಕಟ್ಟಿ, ಹೂವಿನ ಪುಡಿಯ ತುತ್ತಿನ ಮೇಲೆ ತತ್ತಿಯಿಟ್ಟು, ಬಾಗಿಲಿಗೆ ಮಣ್ಣು ಮೆತ್ತಿ ಹೊರಟುಬಿಡುವ ತಮ್ಮ ಸಂಸಾರದ ಬಗ್ಗೆ ನನಗೆ ಮೊದಲಿನಿಂದಲೂ ಗೌರವವಿದೆ. ನಮ್ಮ ತೊಲೆಯ ತೂತುಗಳಲ್ಲಿ, ಬಾಗಿಲಿನ ಕೀಲಿಕಂಡಿಯಲ್ಲಿ ತಾವು ಹೇಳದೆ ಕೇಳದೆ ವಾಸವಿದ್ದರೂ ನಾನು ಎಂದೂ ಚಕಾರವೆತ್ತಿಲ್ಲ.

ಆದರೆ ಊರಲ್ಲಿ ಇಷ್ಟೊಂದು ತೂತುಗಳಿರುವಾಗ ತಮ್ಮ ಘನ ದೃಷ್ಟಿ ಹುಚ್ಚೀರಪ್ಪಣ್ಣನವರ ಪಂಪಿನ ಕೊಳವೆಯ ಮೇಲೆಯೇ ಏಕೆ ಬಿತ್ತು ಎಂದು ವಿನಯಪೂರ್ವಕವಾಗಿ ಕೇಳಬಯಸುತ್ತೇನೆ. ಅವರು ನಮ್ಮ ಬದುವಿನಾಚೆಯ ಹೊಲದವರು; ಎರಡೂ ಹೊಲಗಳಲ್ಲಿ ಈ ಹಿಂಗಾರಿಗೆ ಸೂರ್ಯಕಾಂತಿಯಿತ್ತು. ಹುಳು ಬಿತ್ತೆಂದು ನಮ್ಮ ಯಜಮಾನರಾದ ಖಾಜಾಸಾಬರು ಅವರ ಪಂಪು ಕೇಳಿ ತಂದು, ಅರಳಿ ನಿಂತ ಹೂವಿಗೇ ಹುಳು ಸಾಯಿಸುವ ಎಣ್ಣೆ ಹೊಡೆದು, ಪಂಪನ್ನು ತೊಳೆದು, ಕೊಳವೆಯ ಮೂತಿ ಬಿಚ್ಚಿ ಒಣಗಲೆಂದು ಗೂಟಕ್ಕೆ ತೂಗುಹಾಕಿ ಮರೆತುಬಿಟ್ಟರು. ತಾವು ಮರೆಯಲಿಲ್ಲ. ಬಟ್ಟೆ ಒಗೆಯುವ ಕಲ್ಲಿನ ಬಳಿಯ ಹಸಿ ಎರೆಮಣ್ಣನ್ನು ಉಂಡೆ ಉಂಡೆಯಾಗಿ ಹೊತ್ತು ತಂದು ಕೊಳವೆಯೊಳಗೆ ಕೋಣೆಗಳನ್ನು ಕಟ್ಟಿ ಬಾಯಿ ಮುಚ್ಚಿದಿರಿ; ಯಜಮಾನರು ಒಳಗೆ ನೋಡದೆ ಕೊಳವೆಗೆ ಮೂತಿಯನ್ನು ಮತ್ತೆ ತಿರುಪಿ ಹಾಕಿ ಪಂಪನ್ನು ಮರಳಿಸಿದರು.

ಮುಂದಿನದು ಊರಿಗೇ ಗೊತ್ತು. ಹುಚ್ಚೀರಪ್ಪಣ್ಣ ಎಣ್ಣೆ ಕಲಸಿ, ಪಂಪನ್ನು ಬೆನ್ನಿಗೇರಿಸಿ, ಹೂವಿನ ನಡುವೆ ನಿಂತು ಹಿಡಿಕೆ ಜಗ್ಗಿದರೆ ಒಂದು ಹನಿಯೂ ಬರಲಿಲ್ಲ. ಬಿಚ್ಚಿ ನೋಡಿದರೆ ಮಣ್ಣು. ಊರಿಗೆ ಊರೇ ಎರೆಭೂಮಿಯಾದರೂ ಅದು ನಮ್ಮ ಅಂಗಳದ್ದೇ ಎಂದು ಅವರು ಮೂಸಿ ಹೇಳಿದರು, ಖರೆ ಹೇಳಬೇಕೆಂದರೆ ಅದು ನಮ್ಮ ಅಂಗಳದ್ದೇ ಆಗಿತ್ತು. "ಖಾಜಾ, ನಿನ್ನ ಹೊಲಾ ಅಷ್ಟ ಉಳೀಬೇಕೇನೋ? ಪಂಪಿಗೆ ಮಣ್ಣ ತುಂಬಿ ಕೊಟ್ಟೀಯಲ್ಲೋ!" ಎಂದು ಕೂಗಾಡಿ, ಪಂಪನ್ನು ಇದ್ದಂತೆಯೇ ಕೊಟ್ಟಿಗೆಯ ಮೂಲೆಗೆ ಎಸೆದರು. ಇದು ಜೇನಿನ ಕೆಲಸವೆಂದು ನಾನು ಹೇಳಹೋದರೆ, "ತಂಗೆವ್ವಾ, ಜೇನು ತುಪ್ಪಾ ಮಾಡತೈತಿ, ಗ್ವಾಡಿ ಕಟ್ಟೋ ಗೌಂಡಿ ಕೆಲಸಾ ಮಾಡಂಗಿಲ್ಲ" ಎಂದು ಬಾಗಿಲು ಹಾಕಿಕೊಂಡರು.

ಅಂದಿನಿಂದ ಮಾತಿಲ್ಲ. ಸುಗ್ಗಿಯಲ್ಲಿ ಕಾಳು ಬಡಿಯಲು ಅವರ ರಾಶಿಗೆ ನಾವು, ನಮ್ಮ ರಾಶಿಗೆ ಅವರು ಎಂಬ ಮುಯ್ಯಾಳು ನಮ್ಮತ್ತೆಯ ಕಾಲದಿಂದ ಒಂದು ವರ್ಷವೂ ತಪ್ಪಿರಲಿಲ್ಲ. ಈ ಸಲ ಅವರು ಬೇರೆ ಊರಿನ ಆಳುಗಳನ್ನು ಕರೆತಂದರು. ಅವರ ಹೆಂಡತಿ ರೇಣುಕಕ್ಕ ಬದುವಿನಾಚೆ ಬುತ್ತಿ ಬಿಚ್ಚಿ, ನಮ್ಮ ಕಡೆಗೊಮ್ಮೆ ನೋಡಿ, ರೊಟ್ಟಿಯನ್ನು ಹಾಗೆಯೇ ಕಟ್ಟಿಟ್ಟರು. ಅದನ್ನು ಕಂಡು ನನಗೂ ಅಂದು ಊಟ ಸೇರಲಿಲ್ಲ.

ತಮ್ಮ ನ್ಯಾಯವನ್ನಂತೂ ಹೊಗಳಲೇಬೇಕು. ಎಣ್ಣೆ ತಪ್ಪಿದ ಹುಚ್ಚೀರಪ್ಪಣ್ಣನವರ ಹೊಲದಲ್ಲಿ ತಾವು ಹೊಟ್ಟೆಯಡಿಗೆ ಹಳದಿ ಪುಡಿ ಮೆತ್ತಿಕೊಂಡು ಹೂವಿಂದ ಹೂವಿಗೆ ಓಡಾಡಿದ್ದರಿಂದ ಅವರ ತೆನೆಗಳು ಕಾಳು ತುಂಬಿ ಬಾಗಿದವು. ನಮ್ಮದರಲ್ಲಿ ತಮ್ಮ ಬಳಗದ ಎಷ್ಟೋ ಮಂದಿ ಹೂವಿನ ಮೇಲೆಯೇ ಸತ್ತು ಬಿದ್ದರು. ನೆನೆದರೆ ಈಗಲೂ ಮನಸ್ಸಿಗೆ ನೋವಾಗುತ್ತದೆ. ತಮ್ಮ ಗೈರುಹಾಜರಿಯಲ್ಲಿ ನಾನೇ ಹಳೆಯ ದುಪಟ್ಟಾ ಕೈಗೆ ಸುತ್ತಿಕೊಂಡು, ತಿಳಿದವರು ಹೇಳಿಕೊಟ್ಟಂತೆ ಪುಡಿ ಹತ್ತಲೆಂದು ಒಂದೊಂದೇ ಹೂವನ್ನು ಸವರುತ್ತ ಸಾಲು ಹಿಡಿದು ನಡೆದೆ. ಹಾಜಿರಾಬಿ ಹೂವಿನ ಮುಖ ಒರೆಸುತ್ತಿದ್ದಾಳೆಂದು ಹೊಂಬಳದ ಬಸ್ಸಿನವರೆಲ್ಲ ಇಣುಕಿ ನಕ್ಕರು. ಭುಜ ಬಿದ್ದುಹೋಯಿತು, ಆದರೂ ಮುಕ್ಕಾಲು ಕಾಳು ಜೊಳ್ಳಾಯಿತು. ತಮ್ಮ ಕೆಲಸಕ್ಕೆ ನಾನು ಲಾಯಕ್ಕಲ್ಲವೆಂದು ಈ ಮೂಲಕ ಒಪ್ಪಿಕೊಳ್ಳುತ್ತೇನೆ.

ಆದ್ದರಿಂದ ತಾವು ದಯಮಾಡಿ ಬಾಯಲ್ಲೊಂದು ಹಸಿ ಮಣ್ಣಿನುಂಡೆ ಸಮೇತ ಹುಚ್ಚೀರಪ್ಪಣ್ಣನವರ ಮುಂದೆ ಹಾಜರಾಗಿ, ಅವರ ಕಣ್ಣೆದುರೇ ಒಂದು ತೂತು ಮುಚ್ಚಿ ತೋರಿಸಿ, ನಮ್ಮ ಯಜಮಾನರು ನಿರ್ದೋಷಿಯೆಂದು ಸಾಕ್ಷಿ ನುಡಿಯಬೇಕು. ತೂತಿನ ಆಯ್ಕೆ ತಮಗೇ ಬಿಟ್ಟದ್ದು. ಅವರು ಬಾಯಿ ತೆರೆದು ಮಲಗುವವರೆಂದು ರೇಣುಕಕ್ಕ ಹೇಳಿದ್ದುಂಟು. ಪ್ರತಿಯಾಗಿ, ಹಬ್ಬಕ್ಕೆ ಗೋಡೆ ಸಾರಿಸುವಾಗ ತೊಲೆಯ ಒಂದು ತೂತನ್ನೂ ಮುಚ್ಚುವುದಿಲ್ಲವೆಂದು ಮಾತು ಕೊಡುತ್ತೇನೆ.

ತಮಗೆ ಖಾಯಂ ವಿಳಾಸವಿಲ್ಲದ ಕಾರಣ ಈ ಪತ್ರವನ್ನು ರೇಣುಕಕ್ಕನ ಕೈಗೆ ಕೊಡುತ್ತಿದ್ದೇನೆ. ಅವರು ಇದನ್ನು ತಮಗಾಗಿ, ಹುಚ್ಚೀರಪ್ಪಣ್ಣನವರಿಗೂ ಕೇಳುವಷ್ಟು ಗಟ್ಟಿಯಾಗಿ ಓದುತ್ತಾರೆ.

ತಮ್ಮ ವಿಶ್ವಾಸಿ,
ಹಾಜಿರಾಬಿ

ತಾಜಾ ಕಲಂ: ಪತ್ರ ಓದಿಸಿಕೊಂಡು ಮರಳಿ ಬಂದಿದ್ದರಿಂದ ಇಷ್ಟನ್ನು ಸೇರಿಸುತ್ತಿದ್ದೇನೆ. ತಾವು ಬರಲಿಲ್ಲ, ಪುರುಸೊತ್ತಿರಲಿಕ್ಕಿಲ್ಲ. ಮಗಳನ್ನು ಕಳಿಸಿದಿರಿ. ಪತ್ರ ಕೇಳಿ ಹುಚ್ಚೀರಪ್ಪಣ್ಣ ಗೊಣಗುತ್ತ ಕೊಟ್ಟಿಗೆಗೆ ಹೋಗಿ ಪಂಪನ್ನು ಎತ್ತಿದರೆ, ಕೊಳವೆಯ ಮಣ್ಣಿನಲ್ಲಿ ದುಂಡನೆಯ ಕಿಂಡಿ ಕೊರೆದುಕೊಂಡು ಆಕೆ ಅವರ ಮೂಗಿನ ಮುಂದೆಯೇ ಹಾರಿಹೋದಳಂತೆ. ಮರುದಿನ ನಮ್ಮ ರಾಶಿಗೆ ಅವರೂ ರೇಣುಕಕ್ಕನೂ ಬುತ್ತಿ ಕಟ್ಟಿಕೊಂಡು ಬಂದರು. ತಪ್ಪಾಯಿತು ಎನ್ನುವ ಮಾತು ಅವರ ಗಂಟಲಲ್ಲೇ ಸಿಕ್ಕಿಕೊಂಡಿತ್ತು, ಅಲ್ಲಿಯೂ ತಾವೇ ಮಣ್ಣು ಮೆತ್ತಿದ್ದೀರೋ ಏನೋ. ಹುಚ್ಚೀರಪ್ಪಣ್ಣನೇ ಪಂಪನ್ನು ನಮ್ಮ ಗೂಟಕ್ಕೆ ತೂಗುಹಾಕಿ, "ತಂಗೆವ್ವಾ, ಹೂವಿನ ದಿನದಾಗ ನಾ ಕೇಳಿದ್ರೂ ಇದನ್ನ ಕೊಡಬ್ಯಾಡ" ಎಂದರು. ಜೊಳ್ಳು ಬಡಿಯಲು ಇಬ್ಬರು ಗಂಡಸರು ಬೇಕಾಗಿರಲಿಲ್ಲ. ಆದರೂ ಇಬ್ಬರೂ ಸಂಜೆಯತನಕ ಬಡಿದರು.