ಇಲ್ಲದ ಕುರ್ಚಿಯ ಮೇಲೆ ಶೂನ್ಯ ಸಾರ್

ಅವತ್ತಿನ ಎಡವಟ್ಟಿಗೆಲ್ಲ ಮೂಲ ಒಂದು ಹಿತ್ತಾಳೆಯ ಕೈಗಂಟೆ. ಇಪ್ಪತ್ತು ವರ್ಷ ಪ್ರತಿ ನಾಟಕಕ್ಕೂ ಅದನ್ನೇ ಬಾರಿಸಿದ್ದ ಶೂನ್ಯ ಸಾರ್, ಸಿನಿಮಾಕ್ಕೂ ಅದೇ ಇರಲಿ ಎಂದು ಹಠ ಹಿಡಿದರು. ಆಕ್ಷನ್, ಕಟ್ ಎಂದು ಅರಚುವುದು ಅವರಿಗೆ ಸಂತೆಯ ಕೂಗಿನಂತೆ ಕೇಳಿಸುತ್ತಿತ್ತು.

ಶೂನ್ಯ ಸಾರ್ ಎಂಬುದು ನಟರು ಇಟ್ಟ ಹೆಸರು. ಅವರ ಪ್ರಯೋಗಗಳಲ್ಲಿ ರಂಗದ ಮೇಲೆ ಬಾಗಿಲಿಲ್ಲ, ಮೇಜಿಲ್ಲ, ಕುರ್ಚಿಯಿಲ್ಲ. ಎಲ್ಲವೂ ಇದೆಯೆಂದು ಭಾವಿಸಿಕೊಳ್ಳಬೇಕು. ಎದುರಿಗೆ ಪ್ರೇಕ್ಷಕರನ್ನೂ ಹೆಚ್ಚುಕಡಿಮೆ ಹಾಗೆಯೇ ಭಾವಿಸಿಕೊಳ್ಳಬೇಕಿತ್ತು. ಎಲ್ಲ ನಾಟಕಗಳಿಗೂ ಅವರ ಹೆಂಡತಿಯೇ ನಾಯಕಿ. ಇಲ್ಲದ ಕುರ್ಚಿಗಳ ಮೇಲೆ ಕೂತು ಕೂತು ಪಾಪ, ಆಕೆಯ ಮಂಡಿ ಸವೆದಿತ್ತು.

ಈಗ ಆಕೆಯ ಅಣ್ಣ ಸಿನಿಮಾ ನಿರ್ಮಾಪಕನಾಗಲು ಒಪ್ಪಿದ್ದ. ಅವನದು ಫರ್ನಿಚರ್ ಅಂಗಡಿ.

"ಭಾವ, ಸಂಜೆ ಆರಕ್ಕೆ ಬರ್ತೀನಿ. ಒಂದು ಸೀನ್ ತೋರಿಸಿ. ಹಿಡಿಸಿದ್ರೆ ಸಿನಿಮಾ. ಇಲ್ಲಾಂದ್ರೆ ಇಬ್ರೂ ಮರೆತುಬಿಡೋಣ" ಎಂದು ಹೇಳಿ, ಚಿತ್ರೀಕರಣಕ್ಕೆಂದು ಒಂದು ಸೋಫಾವನ್ನೂ ಕಳಿಸಿದ್ದ.

ಸೋಫಾ ಬಂದ ಐದೇ ನಿಮಿಷದಲ್ಲಿ ಅಡುಗೆಮನೆ ಸೇರಿತು. ದೃಶ್ಯ ಇಷ್ಟೇ: ಒಬ್ಬಾಕೆ ಕುರ್ಚಿಯಲ್ಲಿ ಕೂತು ಯಾರಿಗೋ ಕಾಯುತ್ತಾಳೆ, ಬಾಗಿಲು ತಟ್ಟಿದ ಸದ್ದಾಗುತ್ತದೆ, ಎದ್ದು ಹೋಗಿ ತೆರೆಯುತ್ತಾಳೆ. ಹಜಾರದಲ್ಲಿ ಕುರ್ಚಿಯೂ ಇರಲಿಲ್ಲ, ಬಾಗಿಲೂ ಇರಲಿಲ್ಲ.

ಕ್ಯಾಮೆರಾಕ್ಕೆ ಸಿಕ್ಕಿದವನು ಮದುವೆ ವಿಡಿಯೋ ತೆಗೆಯುವವನು. ಹೇಳಿದ್ದನ್ನು ಚಾಚೂ ತಪ್ಪದೆ ಮಾಡುವ, ಹೇಳದ್ದರ ಗೋಜಿಗೇ ಹೋಗದ ಮನುಷ್ಯ.

"ನೋಡಪ್ಪ, ಗಂಟೆ ಬಾರಿಸಿದಾಗ ಗುಂಡಿ ಒತ್ತು, ಶುರುವಾಗುತ್ತೆ. ಮತ್ತೆ ಬಾರಿಸಿದಾಗ ಒತ್ತು, ನಿಲ್ಲುತ್ತೆ. ಮಿಕ್ಕಿದ್ದು ತಲೆಗೆ ಹಾಕ್ಕೋಬೇಡ."

"ಸರಿ ಸಾರ್. ಗಂಟೆ ಅಂದ್ರೆ ಒತ್ತೋದು."

"ಇನ್ನೊಂದು. ರೆಕಾರ್ಡ್ ಆಗುವಾಗ ಹೊತ್ಕೊಳ್ಳೋ ಈ ಕೆಂಪು ಚುಕ್ಕಿ ಕಲಾವಿದರನ್ನ ದುರುಗುಟ್ಟಿಕೊಂಡು ನೋಡುತ್ತೆ" ಎಂದವರೇ ಕ್ಯಾಮೆರಾದ ಮುಂದಿನ ದೀಪಕ್ಕೂ ಹಿಂದಿನ ಪುಟ್ಟ ಪರದೆಯ ಮೂಲೆಗೂ ಕಪ್ಪು ಟೇಪು ಅಂಟಿಸಿಬಿಟ್ಟರು.

ಅಷ್ಟರಲ್ಲಿ ಕೆಳಗಿನ ಮನೆಯಿಂದ ಓನರಮ್ಮ ಮೇಲೆ ಬಂದರು. ಕಿಟಕಿಯ ಮೇಲಿದ್ದ ಗಂಟೆಯನ್ನು ಎತ್ತಿಕೊಂಡರು.

"ಇಷ್ಟು ಪುಟ್ಟದು ಎಲ್ರಿಗೂ ಕೇಳ್ಸುತ್ತಾ?" ಎಂದು ಒಮ್ಮೆ ಆಡಿಸಿದರು. "ಪರವಾಗಿಲ್ಲ, ಕೇಳ್ಸುತ್ತೆ."

ಶೂನ್ಯ ಸಾರ್ ಅದನ್ನು ಕಿತ್ತುಕೊಂಡು, ಗಂಭೀರವಾಗಿ ಬಾರಿಸಿ, ದೃಶ್ಯ ಶುರುಮಾಡಿದರು. ಹೆಂಡತಿ ಗಾಳಿಯಲ್ಲಿ ಕೂತಳು, ಕಾದಳು, ಎದ್ದಳು, ಗಾಳಿಯ ಬಾಗಿಲು ತೆರೆದಳು. ಮತ್ತೆ ಗಂಟೆ.

"ನಟಿಸ್ತಾ ಇದೀಯ. ನಟಿಸಬೇಡ. ಸುಮ್ಮನೆ ಕೂತ್ಕೋ."

"ಎಲ್ಲಿ ಕೂತ್ಕೊಳ್ಳಲಿ? ಇದ್ದ ಸೋಫಾ ಅಡುಗೆಮನೇಲಿದೆ."

"ಪಾಪ, ಅವಳಿಗೊಂದು ಸ್ಟೂಲಾದ್ರೂ ಹಾಕಿ" ಎನ್ನುತ್ತ ಓನರಮ್ಮ ಕೆಳಗಿನಿಂದ ತಂದೇಬಿಟ್ಟರು.

"ಅಮ್ಮಾ, ನೀವು ಗೋಡೆಯೊಳಗಿಂದ ಬರ್ತಾ ಇದೀರಿ. ಬಾಗಿಲು ಆ ಕಡೆ" ಎಂದು ಶೂನ್ಯ ಸಾರ್ ಕೂಗಿದರು.

ಓನರಮ್ಮ ಬೆಚ್ಚಿ ಹಿಂದೆ ಸರಿದು, ಸುತ್ತು ಹಾಕಿ ಹೋಗಿ ಗಾಳಿಯನ್ನು ತಟ್ಟಿದರು. ಶೂನ್ಯ ಸಾರ್ ಬೇರೆ ದಾರಿ ಕಾಣದೆ ಚಿಲಕ ತೆಗೆದು ಒಳಗೆ ಕರೆದರು.

"ಕೂತ್ಕೊಳ್ಳೋದು ಅಂದ್ರೆ ಹೀಗೆ" ಎಂದು ಹೆಂಡತಿಗೆ ತೋರಿಸಲು ಹೋದರು. ಇಪ್ಪತ್ತು ವರ್ಷ ಬೇರೆಯವರನ್ನು ಕೂರಿಸಿದ್ದರೇ ಹೊರತು ತಾವು ಕೂತವರಲ್ಲ. ದಡಾರನೆ ಬಿದ್ದರು. ಹಿಡಿದುಕೊಳ್ಳಲು ಇಲ್ಲದ ಮೇಜಿಗೆ ಕೈಚಾಚಿ ಇನ್ನೊಮ್ಮೆ ಬಿದ್ದರು.

ಹೀಗೆ ಮಧ್ಯಾಹ್ನ ಕಳೆಯಿತು. ಹದಿನಾಲ್ಕನೆಯ ಸಲ ಮಂಡಿ ನೋವಿಗೆ ಹೆಂಡತಿಯ ಮುಖದಲ್ಲಿ ಎಂಥ ವೇದನೆ ಮೂಡಿತೆಂದರೆ, ಶೂನ್ಯ ಸಾರ್ ಗಂಟೆ ಬಾರಿಸುವಾಗ ನಿಜಕ್ಕೂ ಅಳುತ್ತಿದ್ದರು. ಇದೇ, ಇದಕ್ಕೇ ಕಾದಿದ್ದೆ ಎಂದರು.

ಆರಕ್ಕೆ ಸರಿಯಾಗಿ ಹೆಂಡತಿಯ ಅಣ್ಣ ಬಂದ. ಕ್ಯಾಮೆರಾವನ್ನು ಟಿವಿಗೆ ಜೋಡಿಸಿದರು.

ಪರದೆಯ ಮೇಲೆ ಮೊದಲು ಕಂಡದ್ದು ಓನರಮ್ಮನ ಕೈಯಿಂದ ಗಂಟೆ ಕಿತ್ತುಕೊಳ್ಳುತ್ತಿರುವ ಶೂನ್ಯ ಸಾರ್. ಆಮೇಲೆ ನಟಿಸಬೇಡ ಎನ್ನುತ್ತಿರುವ ಶೂನ್ಯ ಸಾರ್. ಗಾಳಿಯ ಚಿಲಕ ತೆಗೆಯುತ್ತಿರುವ, ಬೀಳುತ್ತಿರುವ, ಮತ್ತೆ ಬೀಳುತ್ತಿರುವ ಶೂನ್ಯ ಸಾರ್. ಹೆಂಡತಿ ನಟಿಸಿದ ಒಂದು ದೃಶ್ಯವೂ ಇರಲಿಲ್ಲ.

"ಏನಯ್ಯಾ ಇದು?"

"ಓನರಮ್ಮ ಗಂಟೆ ಆಡಿಸಿದ್ರಲ್ಲ ಸಾರ್, ಆಗ್ಲೇ ಒತ್ತಿದೆ. ಆಮೇಲೆ ನೀವು ಬಾರಿಸಿದಾಗಲೆಲ್ಲ ಒತ್ತಿದೀನಿ. ಶುರುವಿನ ಗಂಟೆಗೆ ನಿಂತುಹೋಗಿದೆ, ಮುಗಿಯೋ ಗಂಟೆಗೆ ಶುರುವಾಗಿದೆ. ಚುಕ್ಕಿ ನೋಡೋಣ ಅಂದ್ರೆ ಟೇಪು."

ಇಪ್ಪತ್ತು ವರ್ಷದ ಕನಸು ಒಂದು ಕೈಗಂಟೆಯಿಂದ ಹೋಯಿತಲ್ಲ ಎಂದು ಶೂನ್ಯ ಸಾರ್ ತಿರುಗಿ ನೋಡಿದರೆ, ನಿರ್ಮಾಪಕ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದ. ಕಣ್ಣಲ್ಲಿ ನೀರು.

"ಭಾವ, ನಿಮ್ಮ ಒಂದು ನಾಟಕಕ್ಕೂ ನಾನು ಕೊನೇತನಕ ಎಚ್ಚರ ಇದ್ದದ್ದಿಲ್ಲ. ಇವತ್ತು ಕಣ್ಣು ಮಿಟುಕಿಸಲಿಲ್ಲ. ಸಿನಿಮಾ ಮಾಡೇಬಿಡೋಣ."

ಶೂನ್ಯ ಸಾರ್‌ಗೆ ಸ್ವರ್ಗ ಮೂರೇ ಗೇಣು. "ನಿಜವಾಗ್ಲೂ?"

"ನಿಜವಾಗ್ಲೂ. ನೀವೇ ಹೀರೋ."

"ಮತ್ತೆ... ನಿರ್ದೇಶನ?"

ಅಣ್ಣ ತಂಗಿಯತ್ತ ನೋಡಿದ. "ಈ ಹೀರೋನ ಇಪ್ಪತ್ತು ವರ್ಷ ಹತ್ತಿರದಿಂದ ನೋಡಿದವರು ಇವಳು ಬಿಟ್ರೆ ಇನ್ಯಾರು?"

ಮರುದಿನ ಬೆಳಿಗ್ಗೆ ಸೋಫಾ ಹಜಾರಕ್ಕೆ ಬಂತು. ಹೆಂಡತಿ ಅದರ ಮೇಲೆ ಕಾಲು ಚಾಚಿ ಕೂತು, ಟೇಪು ಕೀಳಿಸಿ, ಗಂಟೆ ಕೈಗೆ ತೆಗೆದುಕೊಂಡಳು. ಶೂನ್ಯ ಸಾರ್ ಇಲ್ಲದ ಕುರ್ಚಿಯ ಮೇಲೆ ಕೂತು ಬಿದ್ದರು. ಒಂಬತ್ತು ಸಲ ಬಿದ್ದರು.

"ನಟಿಸ್ತಾ ಇದೀರಿ. ನಟಿಸಬೇಡಿ. ಸುಮ್ಮನೆ ಬೀಳಿ."

"ಸ್ವಲ್ಪ ಸುಧಾರಿಸ್ಕೋತೀನಿ ಕಣೇ. ಆ ಸ್ಟೂಲಾದ್ರೂ ಹಾಕು."

ಸ್ಟೂಲಿನ ಮೇಲೆ ಓನರಮ್ಮ ಕೂತಿದ್ದರು. ಅವರು ಏಳಲಿಲ್ಲ.

"ಇದೆ ಅಂದ್ಕೊಳ್ಳಿ ಸಾರ್" ಎಂದರು. ಹೆಂಡತಿ ಗಂಟೆ ಬಾರಿಸಿದಳು.